ಲೆಕ್ಕ ಪಕ್ಕದ ಜಗತ್ತಿಗೆ ಸೋರುವ ಕತೆ ಬರೆಯುವುದು ಹೇಗೆ

ಕಂಪ್ಯೂಟರ್ ಮಾಡುತ್ತಿರುವ ಲೆಕ್ಕ ಸೋರಿ ಪಕ್ಕದ ಜಗತ್ತಿಗೆ ಹೋಗುತ್ತದೆ. ನಿಜ ಅಲ್ಲ, ಕತೆಗೆ ಮಾತ್ರ. ವಿಜ್ಞಾನ ಕತೆ ಬರೆಯಲು ಕೂತವರ ತಲೆಗೆ ಒಂದಲ್ಲ ಒಂದು ದಿನ ಈ ಐಡಿಯಾ ಬಂದೇ ಬರುತ್ತದೆ. ನನಗೂ ಬಂತು. ಮೂರು ಸಲ ಬರೆದೆ. ಎರಡು ಸಲ ಕೆಟ್ಟಿತು, ಮೂರನೆಯದು ಪರವಾಗಿಲ್ಲ ಅನ್ನುವ ಹಾಗೆ ಬಂತು. ಆ ಎರಡು ಸಲ ಎಲ್ಲೆಲ್ಲಿ ಎಡವಿದೆ ಅನ್ನುವುದೇ ಇಲ್ಲಿರುವ ಸರಕು. ನೀವು ಬೇರೆ ಕಲ್ಲು ನೋಡಿಕೊಂಡು ಎಡವಿ.

ಮೊದಲು ಹೆಸರು ಸರಿ ಮಾಡಿಕೊಳ್ಳಿ

ಸಮಾಂತರ ಆಯಾಮ ಎಂದು ಸುಮ್ನೆ ಬರೆದುಬಿಡುತ್ತೇವೆ. ಆಯಾಮ ಎಂದರೆ ಉದ್ದ, ಅಗಲ, ಎತ್ತರ. ಅದು ದಿಕ್ಕು, ಊರಲ್ಲ. "ಅವನು ಇನ್ನೊಂದು ಆಯಾಮಕ್ಕೆ ಹೋದ" ಎಂದು ಬರೆಯುವುದು "ಅವನು ಎತ್ತರದಲ್ಲಿ ಬಾಡಿಗೆ ಮನೆ ಹಿಡಿದ" ಎಂದ ಹಾಗೆ. ನಿಮಗೆ ಬೇಕಿರುವುದು ಬಹುಶಃ ಸಮಾಂತರ ಜಗತ್ತು. ಭೌತಶಾಸ್ತ್ರದಲ್ಲಿ ಈ ಎರಡಕ್ಕೂ ಬೇರೆ ಬೇರೆ ಮನೆತನ ಇದೆ. ಒಂದನ್ನು ಹಿಡಿದು ಇನ್ನೊಂದರ ಹೆಸರಿಟ್ಟರೆ, ಗೊತ್ತಿರುವ ಓದುಗ ಎರಡನೇ ಪ್ಯಾರಾದಲ್ಲೇ ಎದ್ದು ಹೋಗುತ್ತಾನೆ.

ಮಜಾ ಏನೆಂದರೆ, ಸೋರಿಕೆ ಎಂಬ ಮಾತು ನಿಜವಾಗಿ ಇರುವುದು ಆಯಾಮದ ಮನೆಯಲ್ಲಿ. ಒಂದು ಸಣ್ಣ ಅಯಸ್ಕಾಂತ ಗುಂಡುಪಿನ್ನನ್ನು ಮೇಲಕ್ಕೆತ್ತುತ್ತದೆ. ಆ ಕಡೆ ಇಡೀ ಭೂಮಿ ಕೆಳಕ್ಕೆ ಎಳೆಯುತ್ತಿದ್ದರೂ ಸೋಲುತ್ತದೆ. ಗುರುತ್ವ ಯಾಕೆ ಇಷ್ಟು ಬಡಕಲು? 1998ರಲ್ಲಿ ಅರ್ಕಾನಿ-ಹಮೆದ್, ಡಿಮೊಪೌಲೋಸ್, ದ್ವಾಲಿ ಎಂಬ ಮೂವರು ಭೌತವಿಜ್ಞಾನಿಗಳು ಒಂದು ಉತ್ತರ ಕೊಟ್ಟರು. ನಮಗೆ ಕಾಣದ ಬೇರೆ ಆಯಾಮಗಳಿವೆ, ಗುರುತ್ವ ಅಲ್ಲಿಗೆ ಸೋರಿಹೋಗಿ ನಮ್ಮ ಪಾಲಿಗೆ ಉಳಿದದ್ದು ಇಷ್ಟೇ ಎಂದರು. ಆ ಆಯಾಮ ಒಂದು ಮಿಲಿಮೀಟರ್‌ನಷ್ಟು ದೊಡ್ಡದೂ ಇರಬಹುದು ಎಂಬ ಮಾತಿಗೆ ಎಲ್ಲರೂ ಕಿವಿ ನೆಟ್ಟಗೆ ಮಾಡಿದರು. ವಾಷಿಂಗ್ಟನ್ ವಿಶ್ವವಿದ್ಯಾಲಯದವರು ಅತಿ ಸೂಕ್ಷ್ಮ ತಕ್ಕಡಿ ಇಟ್ಟು ಮಿಲಿಮೀಟರ್‌ನ ಹತ್ತನೇ ಒಂದು ಪಾಲಿಗಿಂತ ಕಡಿಮೆ ದೂರದವರೆಗೂ ಅಳೆದರು. ಸೋರಿಕೆ ಸಿಗಲಿಲ್ಲ.

ಕತೆಗಾರನಿಗೆ ಇಲ್ಲಿ ಬೇರೆ ತೊಂದರೆ ಇದೆ. ಆ ಸಿದ್ಧಾಂತದಲ್ಲಿ ಸೋರುವುದು ಗುರುತ್ವ ಮಾತ್ರ. ಬೆಳಕು, ಎಲೆಕ್ಟ್ರಾನು, ಕರೆಂಟು ಎಲ್ಲಾ ನಮ್ಮ ಜಗತ್ತೆಂಬ ಹಾಳೆಗೇ ಅಂಟಿಕೊಂಡಿರುತ್ತವೆ. ಕಂಪ್ಯೂಟರ್ ಓಡುವುದು ಎಲೆಕ್ಟ್ರಾನಿನಿಂದ. ಆದ್ದರಿಂದ ಈ ದಾರಿಯಲ್ಲಿ ಲೆಕ್ಕ ಸೋರಬೇಕಾದರೆ ನಿಮ್ಮ ಯಂತ್ರ ತೂಕದಿಂದ ಲೆಕ್ಕ ಮಾಡಬೇಕು. ಯಾರಾದರೂ ಬರೆದರೆ ಒಳ್ಳೆಯ ಕತೆ ಆಗುತ್ತದೆ. ನನಗೆ ಧೈರ್ಯ ಬಂದಿಲ್ಲ.

ಇನ್ನು ಜಗತ್ತುಗಳ ಮನೆ. 1957ರಲ್ಲಿ ಪ್ರಿನ್ಸ್‌ಟನ್ನಿನ ವಿದ್ಯಾರ್ಥಿ ಹ್ಯೂ ಎವರೆಟ್, ಪರಮಾಣು, ಎಲೆಕ್ಟ್ರಾನುಗಳ ನಡೆಯನ್ನು ವಿವರಿಸುವ ಕ್ವಾಂಟಮ್ ಸಮೀಕರಣ ಹೇಳುವುದನ್ನು ಹಾಗೇ ನಂಬಿದರೆ ಏನಾಗುತ್ತದೆ ಎಂದು ಕೇಳಿದ. ಒಂದು ಅಳತೆಗೆ ಎರಡು ಫಲ ಸಾಧ್ಯ ಇದ್ದರೆ ಎರಡೂ ನಡೆಯುತ್ತವೆ, ಬೇರೆ ಬೇರೆ ಕವಲಿನಲ್ಲಿ. ಆಗ ಹೆಚ್ಚಿನವರು ತಿರುಗಿ ನೋಡಲಿಲ್ಲ. 1970ರಲ್ಲಿ ಬ್ರೈಸ್ ಡಿವಿಟ್ ಬರೆದ ಮೇಲೆ ಇದು ಬಹುಜಗತ್ತು ಎಂದು ಹೆಸರಾಯಿತು. 1985ರಲ್ಲಿ ಭೌತವಿಜ್ಞಾನಿ ಡೇವಿಡ್ ಡಾಯ್ಚ್, ಈ ಕ್ವಾಂಟಮ್ ನಿಯಮಗಳಿಂದಲೇ ಲೆಕ್ಕ ಮಾಡುವ ಕ್ವಾಂಟಮ್ ಕಂಪ್ಯೂಟರ್ ಹೇಗಿರಬೇಕು ಎಂದು ಬರೆದರು. 1994ರಲ್ಲಿ ಪೀಟರ್ ಶೋರ್, ಅಂಥ ಯಂತ್ರ ದೊಡ್ಡ ಸಂಖ್ಯೆಗಳ ಅಪವರ್ತನಗಳನ್ನು ಸಲೀಸಾಗಿ ಹುಡುಕಬಲ್ಲದು ಎಂದು ತೋರಿಸಿದರು. ಆಗ ಡಾಯ್ಚ್ ಕೇಳಿದ ಪ್ರಶ್ನೆ ನಿಮ್ಮ ಕತೆಗೆ ಬೀಜ. ಕಾಣುವ ವಿಶ್ವದಲ್ಲಿ ಇರುವುದು ಸುಮಾರು 1ರ ಮುಂದೆ 80 ಸೊನ್ನೆಯಷ್ಟು ಪರಮಾಣು. ಅಷ್ಟನ್ನೂ ಬಳಸಿದರೂ ಸಾಲದಷ್ಟು ದೊಡ್ಡ ಲೆಕ್ಕವನ್ನು ಈ ಯಂತ್ರ ಮಾಡಿ ಮುಗಿಸಿದರೆ, ಆ ಕೆಲಸ ನಡೆದದ್ದು ಎಲ್ಲಿ?

2024ರ ಡಿಸೆಂಬರಿನಲ್ಲಿ ಗೂಗಲ್ ತನ್ನ 105 ಕ್ಯೂಬಿಟ್‌ನ (ಕ್ವಾಂಟಮ್ ಕಂಪ್ಯೂಟರ್ ಲೆಕ್ಕ ಮಾಡುವ ಅತಿ ಸಣ್ಣ ತುಣುಕೇ ಕ್ಯೂಬಿಟ್) ವಿಲ್ಲೋ ಚಿಪ್ ಬಗ್ಗೆ ಹೇಳುವಾಗ ಇದೇ ಮಾತು ಮತ್ತೆ ಎದ್ದಿತು. ಒಂದು ಪರೀಕ್ಷೆಯ ಲೆಕ್ಕ ಐದು ನಿಮಿಷದೊಳಗೆ ಮುಗಿಯಿತು, ಇವತ್ತಿನ ಸೂಪರ್ ಕಂಪ್ಯೂಟರಿಗೆ 1ರ ಮುಂದೆ 25 ಸೊನ್ನೆಯಷ್ಟು ವರ್ಷ ಬೇಕಾಗುತ್ತಿತ್ತು ಎಂದರು. ವಿಶ್ವಕ್ಕೆ ಆಗಿರುವ ವಯಸ್ಸು 1,380 ಕೋಟಿ ವರ್ಷ ಮಾತ್ರ. ಲೆಕ್ಕ ಹಲವು ಜಗತ್ತುಗಳಲ್ಲಿ ನಡೆಯುತ್ತದೆ ಎಂಬ ಕಲ್ಪನೆಗೆ ಇದು ಬಲ ಕೊಡುತ್ತದೆ ಎಂದು ಗೂಗಲ್‌ನ ಕ್ವಾಂಟಮ್ ಪ್ರಯೋಗಾಲಯದ ಮುಖ್ಯಸ್ಥರೇ ಬರೆದರು. ಎಷ್ಟೋ ಭೌತವಿಜ್ಞಾನಿಗಳು ಮುಖ ಸಿಂಡರಿಸಿದರು, ಅದರಲ್ಲೂ ನ್ಯಾಯ ಇದೆ. ಬಹುಜಗತ್ತು ಇದೆ ಅಂದರೂ ಇಲ್ಲ ಅಂದರೂ ಗಣಿತ ಕೊಡುವ ಉತ್ತರ ಒಂದೇ.

ಇಲ್ಲಿ ಒಂದು ತಪ್ಪು ಬಿಡಿಸಿ ಹೇಳುತ್ತೇನೆ, ನನ್ನ ಮೊದಲ ಕತೆ ಸತ್ತದ್ದು ಇದರಿಂದಲೇ. ಕ್ವಾಂಟಮ್ ಕಂಪ್ಯೂಟರ್ ಎಲ್ಲ ಉತ್ತರಗಳನ್ನೂ ಒಟ್ಟಿಗೆ ಪ್ರಯತ್ನಿಸಿ ಸರಿಯಾದದ್ದನ್ನು ಆರಿಸಿ ಕೊಡುತ್ತದೆ ಎಂದು ಬರೆದಿದ್ದೆ. ಹಾಗಲ್ಲ. ಕೊನೆಯಲ್ಲಿ ಅಳೆದಾಗ ಸಿಗುವುದು ಒಂದೇ ಉತ್ತರ, ಅದೂ ಲಾಟರಿಯಂತೆ. ಕೈಚಳಕ ಇರುವುದು ಅಳೆಯುವುದಕ್ಕೆ ಮೊದಲು. ಕೆರೆಯಲ್ಲಿ ಎರಡು ಕಲ್ಲು ಎಸೆದರೆ ಅಲೆಗಳು ಕೆಲವು ಕಡೆ ಸೇರಿ ಏಳುತ್ತವೆ, ಕೆಲವು ಕಡೆ ಒಂದನ್ನೊಂದು ನುಂಗಿ ನೀರು ಸಪಾಟಾಗುತ್ತದೆ, ಅಲ್ವಾ? ಹಾಗೆ ತಪ್ಪು ಉತ್ತರಗಳು ಒಂದನ್ನೊಂದು ನುಂಗುವಂತೆ, ಸರಿ ಉತ್ತರ ಎದ್ದು ನಿಲ್ಲುವಂತೆ ಲೆಕ್ಕವನ್ನು ಹೆಣೆಯಬೇಕು. ಹೀಗೆ ಹೆಣೆಯಲು ಆಗುವ ಲೆಕ್ಕಗಳು ಬಹಳ ಇಲ್ಲ.

ಸುಳ್ಳು ಒಂದೇ ಇರಲಿ

ಇಡೀ ಬರಹದಲ್ಲಿ ಒಂದೇ ಮಾತು ನೆನಪಿಟ್ಟುಕೊಳ್ಳುತ್ತೇನೆ ಎನ್ನುವವರು ಇದನ್ನು ಇಟ್ಟುಕೊಳ್ಳಿ. ಕತೆಯಲ್ಲಿ ಒಂದು ನಿಯಮ ಮುರಿಯಿರಿ. ಒಂದೇ. ಉಳಿದದ್ದೆಲ್ಲ ನಮ್ಮ ಜಗತ್ತಿನಂತೆಯೇ ನಡೆಯಲಿ, ಮುರಿದದ್ದರ ಪರಿಣಾಮ ಮಾತ್ರ ಹೋದಲ್ಲಿಗೆ ಹೋಗಲಿ.

ಯಾವ ನಿಯಮ? ಎವರೆಟ್‌ನ ಕವಲುಗಳು ಒಮ್ಮೆ ಬೇರೆಯಾದ ಮೇಲೆ ಮಾತಾಡುವುದಿಲ್ಲ. ಕ್ವಾಂಟಮ್ ಸಮೀಕರಣ ಸರಳ ಕೂಡಿಕೆಯದು. ಎರಡು ಅಲೆ ಒಂದರ ಮೇಲೊಂದು ಹಾದುಹೋಗುತ್ತವೆ, ದಾಟಿದ ಮೇಲೆ ತಮ್ಮ ಪಾಡಿಗೆ ತಾವು. ಒಂದರಿಂದ ಇನ್ನೊಂದಕ್ಕೆ ಗೀರೂ ಆಗುವುದಿಲ್ಲ. ಸೋರಿಕೆಗೆ ಜಾಗವೇ ಇಲ್ಲ.

ಈ ಸರಳತೆ ಒಂಚೂರು ಕೆಟ್ಟಿದ್ದರೆ? ನಾನು ಕೇಳಿದ್ದಲ್ಲ, 1989ರಲ್ಲಿ ಭೌತವಿಜ್ಞಾನಿ ಸ್ಟೀವನ್ ವೈನ್‌ಬರ್ಗ್ ಕೇಳಿದ್ದು. 1991ರಲ್ಲಿ ಜೋಸೆಫ್ ಪೋಲ್ಚಿನ್ಸ್ಕಿ ಲೆಕ್ಕ ಹಾಕಿ, ಹಾಗಾದರೆ ಒಂದು ಕವಲಿನವರು ಇನ್ನೊಂದು ಕವಲಿನವರ ಜೊತೆ ಮಾತಾಡುವ ದಾರಿ ತೆರೆಯುತ್ತದೆ ಎಂದು ತೋರಿಸಿದರು. ಅದಕ್ಕೆ ಅವರಿಟ್ಟ ಹೆಸರು ಎವರೆಟ್ ಫೋನ್. ಗಂಭೀರ ಪತ್ರಿಕೆಯಲ್ಲಿ ಅಚ್ಚಾದ ಮಾತು, ನೆನಪಿರಲಿ. 1998ರಲ್ಲಿ ಏಬ್ರಮ್ಸ್ ಮತ್ತು ಲಾಯ್ಡ್ ಇನ್ನೂ ಒಂದು ಹೆಜ್ಜೆ ಹೋದರು. ಹಾಗೆ ಕೆಟ್ಟಿದ್ದರೆ, ಇವತ್ತು ಕಂಪ್ಯೂಟರುಗಳು ತಲೆ ಚಚ್ಚಿಕೊಳ್ಳುವ ಕಷ್ಟದ ಲೆಕ್ಕಗಳೂ ಸಲೀಸು ಎಂದರು. ಅಮೆರಿಕದ ಅಳತೆ ಮಾನಕ ಸಂಸ್ಥೆಯವರು ಬೆರಿಲಿಯಂ ಅಯಾನುಗಳನ್ನು ಹಿಡಿದಿಟ್ಟು ಪರೀಕ್ಷೆ ಮಾಡಿದರು, ಕೆಟ್ಟಿರುವ ಸುಳಿವು ಸಿಗಲಿಲ್ಲ. ಅಂದರೆ ನಿಮ್ಮ ಸುಳ್ಳು ಇರಬೇಕಾದದ್ದು ಇಲ್ಲೇ, ಅವರ ಅಳತೆಗೆ ಸಿಗದಷ್ಟು ಸಣ್ಣದಾಗಿ. ಕತೆಯಲ್ಲಿ ಇದಕ್ಕೆ ಒಂದೂವರೆ ಸಾಲು ಸಾಕು. ನಾನು ಎರಡನೇ ಕತೆಯಲ್ಲಿ ಮೂರು ಪುಟ ಕೊಟ್ಟಿದ್ದೆ, ಓದಿದ ತಂಗಿ ಆ ಮೂರು ಪುಟ ಮಡಚಿ ಗುರುತು ಹಾಕಿ ವಾಪಸ್ ಕೊಟ್ಟಳು.

ಸೋರುವುದು ಏನು ಎಂದು ನಿರ್ಧರಿಸಿ

ಲೆಕ್ಕ ಸೋರುತ್ತದೆ ಅಂದರೆ ಸಾಲದು. ಲೆಕ್ಕದ ಯಾವ ಭಾಗ? ಇಲ್ಲಿ ನಿಜವಾದ ಭೌತಶಾಸ್ತ್ರ ಒಂದು ಉಡುಗೊರೆ ಕೊಟ್ಟಿದೆ. 1961ರಲ್ಲಿ ಐಬಿಎಂನ ರಾಲ್ಫ್ ಲ್ಯಾಂಡೌರ್, ಒಂದು ಬಿಟ್ (ಕಂಪ್ಯೂಟರಿನ ಒಂದು 0 ಅಥವಾ 1) ಅಳಿಸಿದರೆ ಇಷ್ಟಾದರೂ ಶಾಖ ಹೊರಬರಲೇಬೇಕು ಎಂದು ತೋರಿಸಿದರು. ಲೆಕ್ಕ ಮಾಡುವುದಕ್ಕೆ ಅಂಥ ಕನಿಷ್ಠ ಖರ್ಚು ಇಲ್ಲ, ಹಿಂದಕ್ಕೂ ಓಡಿಸಬಹುದಾದ ಹಾಗೆ ಮಾಡಿದರೆ ಲೆಕ್ಕ ಪುಕ್ಕಟೆ ಎಂದು 1973ರಲ್ಲಿ ಚಾರ್ಲ್ಸ್ ಬೆನೆಟ್ ತೋರಿಸಿದರು. ಖರ್ಚು ಬರುವುದು ಮರೆಯುವುದಕ್ಕೆ. 2012ರಲ್ಲಿ ಫ್ರಾನ್ಸಿನ ಲಿಯೋನಿನಲ್ಲಿ ಇದನ್ನು ಅಳೆದೂ ನೋಡಿದರು.

ಆ ಶಾಖ ತೀರಾ ಸಣ್ಣದು. 1ರ ಮುಂದೆ 24 ಸೊನ್ನೆಯಷ್ಟು ಬಿಟ್ ಅಳಿಸಿದರೆ 200 ಮಿಲಿಲೀಟರಿನ ಒಂದು ಲೋಟ ನೀರು ಮೂರೂವರೆ ಡಿಗ್ರಿ ಬಿಸಿಯಾಗಬಹುದು, ಅಷ್ಟೇ. ಆದರೆ ನಮ್ಮ ಚಿಪ್‌ಗಳು ಈ ಕನಿಷ್ಠಕ್ಕಿಂತ ಸಾವಿರಾರು ಪಟ್ಟು ಜಾಸ್ತಿ ಖರ್ಚು ಮಾಡುತ್ತವೆ. ಸಿಪಿಯು ಮುಟ್ಟಿದರೆ ಬಿಸಿ ಅನ್ನಿಸುವುದು ಅದಕ್ಕೇ.

ಆದ್ದರಿಂದ ನನ್ನ ಮೂರನೇ ಕತೆಯಲ್ಲಿ ಸೋರುವುದು ಲೆಕ್ಕ ಅಲ್ಲ, ಅಳಿಸಿದ್ದು. ಇಲ್ಲಿ ಅಳಿಸಿದ ಬಿಟ್, ಶಾಖದ ಸಮೇತ ಪಕ್ಕದ ಜಗತ್ತಿಗೆ ಹೋಗುತ್ತದೆ. ಅಲ್ಲಿ ಅಳಿಸಿದ್ದು ಇಲ್ಲಿಗೆ ಬರುತ್ತದೆ. ಹೀಗೆ ಹಿಡಿದ ತಕ್ಷಣ ಎರಡು ಸಂಗತಿ ತಾವಾಗಿ ಒದಗಿ ಬಂದವು: ನಮ್ಮ ಕಡೆಯ ಕಂಪ್ಯೂಟರ್ ಡಬ್ಬ ತಣ್ಣಗಿರಬೇಕು, ಮತ್ತು ಅವರು ಬೇಡ ಎಂದು ಅಳಿಸಿದ್ದೊಂದು ನಮ್ಮ ಕೈಗೆ ಸಿಗಬೇಕು. ಯಾಕೆ ಅಳಿಸಿದರು ಎಂಬುದೇ ಕತೆ.

ಜಾಗ ಸಣ್ಣದಿರಲಿ

ಪ್ರಯೋಗಾಲಯ ಬೇಡ. ಬಿಳಿ ಕೋಟು, ಕೆಂಪು ದೀಪ, ಸೈರನ್ ಯಾವುದೂ ಬೇಡ. ನಾನು ಮಲೆನಾಡಿನ ಒಂದು ಸಹಕಾರ ಸಂಘದ ಕಚೇರಿ ತೆಗೆದುಕೊಂಡೆ. ಮಾರ್ಚ್ 31, ವರ್ಷದ ಕೊನೆಯ ಬಡ್ಡಿ ಲೆಕ್ಕ. ಲೆಕ್ಕ ಬರೆಯುವ ಒಬ್ಬ ಅಕ್ಕ, ಹಳೇ ಕಂಪ್ಯೂಟರ್, ಅದರ ಮೇಲೆ ದಿನಾ ಮಲಗುವ ಬೆಕ್ಕು. ಆವತ್ತು ಬೆಕ್ಕು ಅಲ್ಲಿಂದ ಇಳಿದು ರಿಜಿಸ್ಟರುಗಳ ರಾಶಿಯ ಮೇಲೆ ಮಲಗಿದೆ.

"ಮಂಜಣ್ಣ, ಸ್ವಲ್ಪ ಇಲ್ಲಿ ಕೈ ಇಟ್ಟು ನೋಡು."

"ಎಂತಕ್ಕೆ ಅಕ್ಕ? ಈಗ ಆನ್ ಮಾಡಿದ್ದಾ?"

"ಅಲ್ಲ ಮಾರಾಯ, ಬೆಳಿಗ್ಗೆಯಿಂದ ಓಡ್ತಾ ಇದೆ."

ಇಷ್ಟೇ. ಮೊದಲ ಕರಡಿನಲ್ಲಿ ಬೆಕ್ಕು ಇರಲಿಲ್ಲ, ಕರೆಂಟು ಮೀಟರ್ ಇತ್ತು. ಮೀಟರ್ ನಿಂತೇಹೋಗಿದೆ ಎಂದು ಅಕ್ಕ ಗಾಬರಿಯಾಗುತ್ತಿದ್ದಳು. ವೈರಿಂಗ್ ಕೆಲಸ ಮಾಡುವ ಗೆಳೆಯ ಓದಿ ನಕ್ಕ. 150 ವ್ಯಾಟಿನ ಕಂಪ್ಯೂಟರ್ 40 ನಿಮಿಷ ಓಡಿದರೆ ಒಂದು ಯೂನಿಟ್ಟಿನ ಹತ್ತನೇ ಒಂದು ಪಾಲು, ಮೀಟರಿನಲ್ಲಿ ಅದನ್ನು ಯಾರು ನೋಡುತ್ತಾರೆ ಎಂದ. ಪೂರ್ತಿ ತಣ್ಣಗೆ ಅಂತಲೂ ಬರೆಯಬೇಡ, ಪವರ್ ಸಪ್ಲೈ ತನ್ನ ಪಾಡಿಗೆ ಸ್ವಲ್ಪ ಬಿಸಿ ಇದ್ದೇ ಇರುತ್ತದೆ ಎಂದ. ಆಗ ಮೀಟರ್ ತೆಗೆದು ಬೆಕ್ಕು ತಂದೆ. ಡಬ್ಬ ಎಷ್ಟು ಡಿಗ್ರಿ ಕಡಿಮೆ ಬಿಸಿ ಎಂದು ಬೆಕ್ಕಿಗಿಂತ ಚೆನ್ನಾಗಿ ಯಾರು ಹೇಳುತ್ತಾರೆ?

ಮಾಮೂಲಿ ಕಾರಣಗಳನ್ನು ಮೊದಲು ಕಳೆಯಿರಿ

ಲೆಕ್ಕ ತಾಳೆಯಾಗುತ್ತಿಲ್ಲ, ಆದ್ದರಿಂದ ಪಕ್ಕದ ಜಗತ್ತು ಎಂದು ನಿಮ್ಮ ಪಾತ್ರ ಹಾರಬಾರದು. ಲೆಕ್ಕ ಬರೆಯುವವರು ಹಾಗೆ ಹಾರುವುದಿಲ್ಲ. ಅವರ ಹತ್ತಿರ ಹಳೇ ಉಪಾಯಗಳಿವೆ. ವ್ಯತ್ಯಾಸ 9ರಿಂದ ಭಾಗ ಹೋದರೆ ಎಲ್ಲೋ ಅಂಕಿ ಅದಲುಬದಲಾಗಿದೆ, 54 ಅನ್ನು 45 ಎಂದು ಬರೆದಿರುತ್ತಾರೆ. ವ್ಯತ್ಯಾಸ ಸಮಸಂಖ್ಯೆಯಾದರೆ ಅದರ ಅರ್ಧ ಮೊತ್ತ ಹುಡುಕಬೇಕು, ಜಮೆಗೆ ಹೋಗಬೇಕಾದ್ದು ಖರ್ಚಿಗೆ ಹೋಗಿರಬಹುದು.

ಮೂರನೆಯ ಉಪಾಯ ಕಂಪ್ಯೂಟರ್ ಕಾಲದ್ದು. 2003ರಲ್ಲಿ ಬೆಲ್ಜಿಯಂನ ಸ್ಕಾರ್‌ಬೇಕ್‌ನಲ್ಲಿ ಎಲೆಕ್ಟ್ರಾನಿಕ್ ಮತದಾನದಲ್ಲಿ ಒಬ್ಬ ಅಭ್ಯರ್ಥಿಗೆ 4,096 ಮತ ಹೆಚ್ಚಿಗೆ ಬಂತು. ಬರಲು ಸಾಧ್ಯ ಇರುವುದಕ್ಕಿಂತ ಜಾಸ್ತಿ ಬಂದದ್ದರಿಂದ ಸಿಕ್ಕಿಬಿತ್ತು. 4,096 ಎಂದರೆ ಹನ್ನೆರಡು 2ಗಳನ್ನು ಒಂದಕ್ಕೊಂದು ಗುಣಿಸುತ್ತಾ ಹೋದರೆ ಬರುವ ಸಂಖ್ಯೆ, ಅಂದರೆ ಮೆಮೊರಿಯಲ್ಲಿ ಒಂದೇ ಒಂದು ಬಿಟ್ ಸೊನ್ನೆಯಿಂದ ಒಂದಕ್ಕೆ ಮಗುಚಿದೆ. ತಂತ್ರಾಂಶದಲ್ಲಿ ತಪ್ಪು ಸಿಗಲಿಲ್ಲ. ಬಾಹ್ಯಾಕಾಶದಿಂದ ಬಂದ ವಿಶ್ವಕಿರಣವೊಂದು ಬಡಿದಿರಬೇಕು ಎಂಬುದು ಊಹೆ. ವಿಶ್ವಕಿರಣ ದೂರದ ಮಾತೇನಲ್ಲ, ನೀವು ಇದನ್ನು ಓದುವಾಗಲೂ ನಿಮ್ಮ ಅಂಗೈಯನ್ನು ಸೆಕೆಂಡಿಗೆ ಸುಮಾರು ಒಂದು ಮ್ಯೂಆನ್, ಅಂದರೆ ವಿಶ್ವಕಿರಣದಿಂದ ಹುಟ್ಟಿದ ಕಣ, ತೂರಿಕೊಂಡು ಹೋಗುತ್ತಿದೆ.

ಈಗ ನಿಮ್ಮ ಸಂಖ್ಯೆ ಆರಿಸಿ. ನನ್ನ ಕತೆಯಲ್ಲಿ ವ್ಯತ್ಯಾಸ 1,345 ರೂಪಾಯಿ. 9ರಿಂದ ಭಾಗ ಹೋಗುವುದಿಲ್ಲ. ಬೆಸ ಸಂಖ್ಯೆ. 2, 4, 8, 16 ಎಂದು 2ರಿಂದ ಗುಣಿಸುತ್ತಾ ಹೋಗುವ ಸಾಲಿನಲ್ಲೂ ಇಲ್ಲ. ಅಕ್ಕ ಒಂದೊಂದೇ ಉಪಾಯ ಮಾಡಿ, ಒಂದೊಂದೇ ಬಿಟ್ಟು, ರಾತ್ರಿ ಎಂಟರ ಹೊತ್ತಿಗೆ ಸುಮ್ಮನೆ ಕೂರುತ್ತಾಳೆ. ಓದುಗನಿಗೂ ಆ ಹೊತ್ತಿಗೆ ಬೇರೆ ದಾರಿ ಉಳಿದಿರುವುದಿಲ್ಲ. ನಂಬಿಸಲು ನೀವು ಒಂದು ಮಾತೂ ಹೆಚ್ಚಿಗೆ ಆಡಬೇಕಿಲ್ಲ.

ವಿಶ್ವಕಿರಣವನ್ನು ಇನ್ನೂ ಗಟ್ಟಿಯಾಗಿ ಕಳೆಯಬೇಕಾ? ಯಂತ್ರವನ್ನು ನೆಲದಡಿ ಇಳಿಸಿ. ನಮ್ಮ ಕೋಲಾರದ ಚಿನ್ನದ ಗಣಿ ಇದಕ್ಕೆ ಹೇಳಿ ಮಾಡಿಸಿದ ಜಾಗ. ಸುಮಾರು 2.3 ಕಿಲೋಮೀಟರ್ ಆಳದಲ್ಲಿ ವಿಶ್ವಕಿರಣದ ಗಲಾಟೆ ಅಡಗಿಹೋಗುವುದರಿಂದಲೇ 1965ರಲ್ಲಿ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆ, ಜಪಾನಿನ ಒಸಾಕಾ ಮತ್ತು ಇಂಗ್ಲೆಂಡಿನ ಡರ್ಹ್ಯಾಮ್‌ನವರು ಸೇರಿ ಅಲ್ಲಿ ವಾತಾವರಣದಲ್ಲಿ ಹುಟ್ಟಿ ಬಂಡೆಯನ್ನೂ ತೂರಿ ಬರುವ ನ್ಯೂಟ್ರಿನೊ ಎಂಬ ಕಣಗಳನ್ನು ಹಿಡಿದರು. ಆದರೆ ಎರಡು ಎಚ್ಚರಿಕೆ. ಗಣಿ 2001ರಲ್ಲಿ ಮುಚ್ಚಿತು, ಆಳದ ಸುರಂಗಗಳಲ್ಲಿ ಈಗ ನೀರು. ಆದ್ದರಿಂದ ಕತೆ ಅದಕ್ಕೆ ಮೊದಲು ನಡೆಯಬೇಕು, ಕಂಪ್ಯೂಟರೂ ಆ ಕಾಲದ್ದೇ ಆಗಬೇಕು. ಇನ್ನೊಂದು, ಅಷ್ಟು ಆಳದಲ್ಲಿ ಬಂಡೆಯೇ ಬಿಸಿ. ಚಿಪ್‌ನ ಶಾಖ ಸೋರಿಹೋದರೂ ಡಬ್ಬ ಸುತ್ತಲಿನ ಗಾಳಿಯಷ್ಟು ಬಿಸಿ ಇದ್ದೇ ಇರುತ್ತದೆ, ತಣ್ಣಗಿದೆ ಎಂಬ ಸುಳಿವು ಅಲ್ಲಿ ಕೆಲಸಕ್ಕೆ ಬರುವುದಿಲ್ಲ. ಗಣಿಯೋ ಬೆಕ್ಕೋ, ಒಂದನ್ನು ಬಿಡಬೇಕು. ನಾನು ಗಣಿ ಬಿಟ್ಟೆ.

ಹನಿ ಬಿದ್ದಲ್ಲಿ ತೂತು ಇರುವುದಿಲ್ಲ

ಹಂಚಿನ ಮನೆಯಲ್ಲಿ ಬೆಳೆದವರಿಗೆ ಇದು ಗೊತ್ತು. ಹನಿ ಬೀಳುವ ಜಾಗದ ನೆತ್ತಿಗೆ ಸರಿಯಾಗಿ ಒಡೆದ ಹಂಚು ಇರುವುದಿಲ್ಲ. ನೀರು ರೀಪಿನ ಮೇಲೆ ಹರಿದು, ಪಕಾಸಿ ಹಿಡಿದು ಇಳಿಯುತ್ತಾ ಬಂದು, ಎರಡು ಮೊಳ ಆಚೆ ಮರದಲ್ಲಿ ಗಂಟಿರುವ ಕಡೆ ತೊಟ್ಟಿಕ್ಕುತ್ತದೆ. ಅಪ್ಪ ಮಳೆಯಲ್ಲೇ ಮಾಡು ಹತ್ತಿ ಹಂಚು ಸರಿಸುತ್ತಾ "ಈಗ?" ಎಂದು ಕೂಗುತ್ತಿದ್ದರು. ನಾವು ಕೆಳಗೆ ಪಾತ್ರೆ ಹಿಡಿದು "ಇನ್ನೂ ಬೀಳ್ತಿದೆ" ಎಂದು ಕೂಗುತ್ತಿದ್ದೆವು. ಅರ್ಧ ಗಂಟೆ ಕೂಗಾಡಿದ ಮೇಲೆ ಒಡೆದ ಹಂಚು ಸಿಗುವುದು ಅಡುಗೆಮನೆಯ ಮೇಲೆ, ಹನಿ ಬೀಳುತ್ತಿದ್ದದ್ದು ದೇವರ ಮನೆಯಲ್ಲಿ.

ಕತೆಯಲ್ಲೂ ಹೀಗೇ ಮಾಡಿ. ಸೋರಿ ಬಂದದ್ದು ಬಡ್ಡಿ ಲೆಕ್ಕದಲ್ಲಿ ಕಾಣಿಸಿಕೊಳ್ಳಲಿ, ಆದರೆ ಅದರ ಮೂಲ ಬಡ್ಡಿಗೆ ಸಂಬಂಧಪಡದ ಕಡೆ ಇರಲಿ. ನನ್ನ ಕತೆಯ 1,345 ರೂಪಾಯಿ ಬಡ್ಡಿ ಅಲ್ಲ, ಗೊಬ್ಬರದ ಬಾಕಿ. ಆ ಜಗತ್ತಿನಲ್ಲಿ ಇದೇ ಸಂಘದಲ್ಲಿ, ಇದೇ ಕುರ್ಚಿಯಲ್ಲಿ ಕೂತ ಇದೇ ಅಕ್ಕ, ಕೊಡಲಾಗದ ಯಾರದೋ ಬಾಕಿಯನ್ನು ಯಾರಿಗೂ ಹೇಳದೆ ಅಳಿಸಿದ್ದಾಳೆ. ಈ ಜಗತ್ತಿನಲ್ಲಿ ಅದೇ ಮನುಷ್ಯ ಬಾಕಿ ತೀರಿಸಲು ಆಗದೆ ಊರು ಬಿಟ್ಟು ಎರಡು ವರ್ಷ ಆಯಿತು. ಇಲ್ಲಿಯ ಅಕ್ಕ ಆಗ ನಿಯಮ ಮೀರಿರಲಿಲ್ಲ. ಪಕ್ಕದ ಜಗತ್ತು ಎಂದರೆ ಹಾರುವ ಕಾರು, ಎರಡು ಚಂದ್ರ ಎಂದೆಲ್ಲ ಬರೆಯುವ ಆಸೆ ಬರುತ್ತದೆ, ಕೈ ಬಿಗಿ ಹಿಡಿಯಿರಿ. ಕವಲು ಒಡೆದು ಸ್ವಲ್ಪ ದಿನ ಆಗಿರುವ ಜಗತ್ತುಗಳು ಹೆಚ್ಚುಕಮ್ಮಿ ಒಂದೇ ಥರ ಇರುತ್ತವೆ. ಒಂದು ಕೈಬರಹದಷ್ಟು ವ್ಯತ್ಯಾಸ ಸಾಕು.

ಸಣ್ಣಪುಟ್ಟ ಮಾತುಗಳು ಬೇಗ ಮುಗಿಸುತ್ತೇನೆ. ಆ ಕಡೆಯವರ ಮುಖ ತೋರಿಸಬೇಡಿ. ವಿವರಿಸಲೆಂದೇ ಬರುವ ಪ್ರೊಫೆಸರ್ ಪಾತ್ರ ಬೇಡ, ಬಂದರೂ ಅವರಿಗೆ ಪೂರ್ತಿ ಗೊತ್ತಿರಬಾರದು. ಕ್ವಾಂಟಮ್ ಎಂಬ ಪದ ಒಂದು ಸಲ ಬಂದರೆ ಸಾಕು, ನನ್ನ ಕತೆಯಲ್ಲಿ ಬರಲೇ ಇಲ್ಲ. ಸೋರಿಕೆ ನಿಲ್ಲಿಸುವ ಯಂತ್ರ ಕಂಡುಹಿಡಿಯುವ ಕ್ಲೈಮ್ಯಾಕ್ಸ್ ಬೇಡವೇ ಬೇಡ. ಕನ್ನಡದಲ್ಲಿ ಇದಕ್ಕೊಂದು ಹೆಸರು ಬೇಕಾದರೆ "ಸೋರಿಕೆ" ಸಾಕು, "ಬಹುಆಯಾಮಿಕ ಗಣನಾ ಸ್ರವಣ" ಎಂದೆಲ್ಲ ಇಟ್ಟರೆ ಸರ್ಕಾರಿ ಸುತ್ತೋಲೆ ಓದಿದ ಹಾಗಿರುತ್ತದೆ.

ಮುಕ್ತಾಯದ ಬಗ್ಗೆ ಮಾತ್ರ ಸ್ವಲ್ಪ ಜಾಸ್ತಿ ಯೋಚಿಸಿ. ಸೋರಿಕೆಗೆ ಎರಡು ಕಡೆ ಇದೆ ಎಂಬುದನ್ನು ಬರೆಯುವವರು ಮರೆತುಬಿಡುತ್ತಾರೆ. ನಮ್ಮ ಮಾಡು ಸೋರಿದರೆ ನಮಗೆ ಗೊತ್ತಾಗುತ್ತದೆ. ನಮ್ಮ ಬಚ್ಚಲ ನೀರು ಪಕ್ಕದವರ ಅಂಗಳಕ್ಕೆ ಹೋದರೆ ಗೊತ್ತಾಗುವುದು ಅವರಿಗೆ. ಇಲ್ಲಿ ಡಬ್ಬ ತಣ್ಣಗಾಗಿದ್ದರೆ ಅಲ್ಲಿ ಯಾರದೋ ಕಂಪ್ಯೂಟರ್ ಸುಮ್ಮನೆ ಕೂತಲ್ಲೇ ಕಾದು, ಫ್ಯಾನ್ ಕಿರುಚಿ, ರಿಪೇರಿಯವನು ಧೂಳು ಊದಿ ಪೇಸ್ಟ್ ಬದಲಿಸಿ ದುಡ್ಡು ತೆಗೆದುಕೊಂಡು ಹೋಗಿರುತ್ತಾನೆ.

ನಾನು ಕತೆ ಮುಗಿಸಿದ್ದು ಹೀಗೆ. ಅಕ್ಕ 1,345 ರೂಪಾಯಿಯನ್ನು ಸಸ್ಪೆನ್ಸ್ ಅಕೌಂಟಿಗೆ ಹಾಕಿ ವರ್ಷ ಮುಗಿಸುತ್ತಾಳೆ. ತಾಳೆಯಾಗದ್ದನ್ನು ಸದ್ಯಕ್ಕೆ ಇಡುವ ಖಾತೆಗೆ ನಿಜವಾಗಿ ಇರುವ ಹೆಸರೇ ಅದು, ನಾನು ತಮಾಷೆಗೆ ಇಟ್ಟದ್ದಲ್ಲ. ಏಪ್ರಿಲ್ 2ರಂದು ಬಂದು ಬೀಗ ತೆಗೆಯುತ್ತಾಳೆ. ಕಂಪ್ಯೂಟರ್ ಆನ್ ಆಗಿಲ್ಲ, ಪ್ಲಗ್ ಕೂಡ ಹಾಕಿಲ್ಲ. ಬೆಕ್ಕು ವಾಪಸ್ ಬಂದು ಅದರ ಮೇಲೆ ಮಲಗಿದೆ.